ಕನ್ನಡ ನಾಡಿನಲ್ಲಿ ಲಿಂಗತ್ವ ಅಲ್ಪಸಂಖ್ಯಾತರು: ಒಂದು ಚಾರಿತ್ರಿಕ ಸಮೀಕ್ಷೆ

(ಅಂತಿಮ ಬಿ.ಎ. ತರಗತಿ, ತಾಯಲೂರು)

ಇತಿಹಾಸವೆಂದರೆ ರಾಜರ ವಂಶಾವಳಿ, ಯುದ್ಧಗಳ ತೇದಿ ಎಂದು ಬಗೆಯುತ್ತಿದ್ದ ಕಾಲ ಹಿಂದಾಯಿತು. ರೈತರ, ಕೂಲಿಕಾರರ, ದಲಿತರ, ಸ್ತ್ರೀಯರ ಚರಿತ್ರೆಯನ್ನು ಇಂದು ನಾವು ತರಗತಿಯಲ್ಲಿಯೇ ಓದುತ್ತಿದ್ದೇವೆ. ಆದರೆ ಗಂಡು, ಹೆಣ್ಣು ಎಂಬ ಎರಡು ಮನೆಗಳಲ್ಲಿ ಹುಟ್ಟು ತೋರಿದ ಮನೆಯೊಳಗೆ ನೆಮ್ಮದಿ ಕಾಣದವರ, ತಮ್ಮದೇ ಲಿಂಗದವರಲ್ಲಿ ಅನುರಾಗ ತಾಳಿದವರ ಚರಿತ್ರೆ ನಾನು ಮೂರು ವರ್ಷ ಓದಿದ ಪಠ್ಯಗಳಲ್ಲಿ ಒಂದು ಪುಟವನ್ನೂ ಪಡೆದಿಲ್ಲ. ಪಠ್ಯದಲ್ಲಿ ಇಲ್ಲವೆಂದ ಮಾತ್ರಕ್ಕೆ ನಾಡಿನಲ್ಲಿ ಇರಲಿಲ್ಲವೆಂದು ಹೇಳಲಾಗದು. ಅವರು ಎಲ್ಲಿದ್ದರು, ಸಮಾಜ ಅವರಿಗೆ ಯಾವ ಸ್ಥಾನ ಕೊಟ್ಟಿತ್ತು, ಆ ಸ್ಥಾನ ಹೇಗೆ ಬದಲಾಯಿತು ಎಂಬುದನ್ನು ಯಥಾಶಕ್ತಿ ವಿಚಾರಿಸುವುದೇ ಈ ಲೇಖನದ ಉದ್ದೇಶ.

ಮೊದಲು ಹೆಸರಿನ ವಿಚಾರ. ತಾನು ಗಂಡೋ ಹೆಣ್ಣೋ ಎಂಬ ಅಂತರಂಗದ ಅರಿವು ಒಂದು. ತನ್ನ ಪ್ರೀತಿ ಯಾರ ಕಡೆಗೆ ಹರಿಯುತ್ತದೆ ಎಂಬುದು ಇನ್ನೊಂದು. ಮೊದಲನೆಯದರಲ್ಲಿ ದೇಹಕ್ಕೂ ಮನಸ್ಸಿಗೂ ಹೊಂದಿಕೆಯಿಲ್ಲದವರನ್ನು ಲಿಂಗತ್ವ ಅಲ್ಪಸಂಖ್ಯಾತರೆಂದೂ, ಎರಡನೆಯದರಲ್ಲಿ ಬಹುಜನರ ದಾರಿಯಿಂದ ಬೇರೆಯಾದವರನ್ನು ಲೈಂಗಿಕ ಅಲ್ಪಸಂಖ್ಯಾತರೆಂದೂ ಈಗ ಕರೆಯುವುದುಂಟು. ಇವು ಹೊಸ ಶಬ್ದಗಳು. ನಮ್ಮ ತಾಯಲೂರಿನ ಕಡೆ ಅನೇಕರಿಗೆ ಮನೆಯ ಮಾತು ತೆಲುಗು, ಶಾಲೆಯ ಮಾತು ಕನ್ನಡ. ಪೇಟೆಗೆ ಹೋದರೆ ತಮಿಳೂ ಉರ್ದುವೂ ಕಿವಿಗೆ ಬೀಳುತ್ತವೆ. ಇಷ್ಟು ಭಾಷೆಗಳಲ್ಲಿ ಇವರನ್ನು ಕರೆಯಲು ಶಬ್ದಗಳಿಗೆ ಬರವಿಲ್ಲ. ಬರವಿರುವುದು ಬೈಗುಳವಲ್ಲದ ಶಬ್ದಕ್ಕೆ. ತೆಲುಗಿನ 'ಕೊಜ್ಜಾ' ಬೈಗುಳ. ಕನ್ನಡದ 'ಒಂಬತ್ತು' ಬೈಗುಳ. ಭೀಷ್ಮನಂತಹ ಮಹಾರಥಿಯೇ ಎದುರು ಬಿಲ್ಲಿಳಿಸಿದ ಶಿಖಂಡಿಯ ಹೆಸರನ್ನೂ ನಾವು ಬೈಗುಳವಾಗಿ ಮಾಡಿಕೊಂಡಿದ್ದೇವೆ.

ನಮ್ಮ ವ್ಯಾಕರಣದ ರೀತಿಯೂ ಇಲ್ಲಿ ಗಮನಾರ್ಹ. ಕನ್ನಡದಲ್ಲಿ ಲಿಂಗವು ಅರ್ಥವನ್ನು ಅನುಸರಿಸುತ್ತದೆ. ಮನುಷ್ಯರಲ್ಲಿ ಗಂಡು 'ಅವನು', ಹೆಣ್ಣು 'ಅವಳು', ಉಳಿದುದೆಲ್ಲ 'ಅದು'. ಹದಿಮೂರನೆಯ ಶತಮಾನದ ಕೇಶಿರಾಜನು ಶಬ್ದಮಣಿದರ್ಪಣದಲ್ಲಿ ಮೂರು ಲಿಂಗಗಳಿಗೇ ನಿಲ್ಲದೆ, ಎರಡರಲ್ಲಿ ನಡೆಯುವ ಹಾಗೂ ಮೂರರಲ್ಲಿಯೂ ನಡೆಯುವ ಶಬ್ದಗಳನ್ನು ಬೇರೆ ಬೇರೆಯಾಗಿ ಗುರುತಿಸಿದನು. ಅದು ಶಬ್ದಗಳ ಮಾತು, ಮನುಷ್ಯರ ಮಾತಲ್ಲ, ನಿಜ. ಆದರೆ ವ್ಯವಹಾರದಲ್ಲಿ ಆಗುತ್ತಿರುವುದೇನು? ಅವನೂ ಅಲ್ಲ ಅವಳೂ ಅಲ್ಲ ಎನ್ನಿಸಿದವರನ್ನು ಜನ ನಿಸ್ಸಂಕೋಚವಾಗಿ 'ಅದು' ಎಂದುಬಿಡುತ್ತಾರೆ. ಮನುಷ್ಯನನ್ನು ಕಲ್ಲು ಮರಗಳ ಸಾಲಿಗೆ ಇಳಿಸಲು ಒಂದು ಸರ್ವನಾಮ ಸಾಕು. ಇದಕ್ಕೆ ಮದ್ದೂ ನಮ್ಮ ಭಾಷೆಯಲ್ಲಿಯೇ ಇದೆ. 'ಅವರು' ಎಂಬ ಗೌರವದ ಬಹುವಚನಕ್ಕೆ ಗಂಡು ಹೆಣ್ಣೆಂಬ ಭೇದವಿಲ್ಲ. ಈ ಲೇಖನದಲ್ಲಿ ನಾನು ಆ ಮಾತನ್ನೇ ಬಳಸಿದ್ದೇನೆ.

ಇನ್ನು ಪ್ರಾಚೀನ ಕಾಲಕ್ಕೆ ಹೋಗೋಣ. ಆರನೆಯ ಶತಮಾನದ ಬಾದಾಮಿಯ ಮೊದಲನೆಯ ಗುಹೆಯಲ್ಲಿ ಅರ್ಧನಾರೀಶ್ವರನ ಶಿಲ್ಪವಿದೆ. ಎದುರುಬದುರಾಗಿ ಹರಿಹರನ ಶಿಲ್ಪವೂ ಇದೆ. 941ರಲ್ಲಿ ಪಂಪನು ಕನ್ನಡಕ್ಕೆ ತಂದ ಭಾರತಕಥೆಯ ನಾಯಕನಾದ ಅರ್ಜುನನೇ ವಿರಾಟನ ಅರಮನೆಯಲ್ಲಿ ಬೃಹನ್ನಳೆಯಾಗಿ ಉತ್ತರೆಗೆ ನಾಟ್ಯ ಕಲಿಸಿದವನು. ಆದರೆ ದೇವರ ಶಿಲ್ಪದಿಂದಲೂ ವೀರನ ವೇಷದಿಂದಲೂ ಸಾಮಾನ್ಯರ ಬಾಳನ್ನು ಊಹಿಸುವುದು ಸರಿಯಾಗಲಾರದು. ಬೃಹನ್ನಳೆಯ ರೂಪ ಶಾಪದ ಫಲ. ಅವಧಿ ತೀರಿದೊಡನೆ ಅರ್ಜುನನು ಗಾಂಡೀವ ಹಿಡಿದು ಗಂಡಾದನು. ಅವಧಿ ತೀರದವರ ಗತಿ ಏನು ಎಂಬುದನ್ನು ಕಾವ್ಯ ಹೇಳುವುದಿಲ್ಲ.

ಇದಕ್ಕಿಂತ ಆಳವಾದ ವಿಚಾರ ಜೈನಶಾಸ್ತ್ರದಲ್ಲಿ ದೊರೆಯುತ್ತದೆ. ಶ್ರವಣಬೆಳಗೊಳದಲ್ಲಿ ಗೊಮ್ಮಟನನ್ನು ನಿಲ್ಲಿಸಿದ ಚಾವುಂಡರಾಯನ ಗುರುಗಳಾದ ನೇಮಿಚಂದ್ರರು ಹತ್ತನೆಯ ಶತಮಾನದಲ್ಲಿ ಗೊಮ್ಮಟಸಾರವೆಂಬ ಪ್ರಾಕೃತ ಗ್ರಂಥವನ್ನು ರಚಿಸಿದರು. 1359ರಲ್ಲಿ ಕೇಶವವರ್ಣಿ ಅದಕ್ಕೆ ಕನ್ನಡದಲ್ಲಿ ವೃತ್ತಿ ಬರೆದನು. ಈ ಶಾಸ್ತ್ರದಲ್ಲಿ ಪುರುಷ, ಸ್ತ್ರೀ, ನಪುಂಸಕ ಎಂಬ ಮೂರು 'ವೇದ'ಗಳ ವಿವೇಚನೆಯಿದೆ. ಇಲ್ಲಿ ವೇದವೆಂದರೆ ಲಿಂಗಸಂಬಂಧವಾದ ಭಾವ. ದೇಹದಲ್ಲಿ ಕಾಣುವುದು ದ್ರವ್ಯವೇದ, ಒಳಗೆ ಅನುಭವಕ್ಕೆ ಬರುವುದು ಭಾವವೇದ. ಇವೆರಡೂ ಬಹುಮಟ್ಟಿಗೆ ಹೊಂದಿಕೊಂಡಿರುತ್ತವೆ, ಕೆಲವರಲ್ಲಿ ಹೊಂದುವುದಿಲ್ಲ ಎಂಬುದು ಶಾಸ್ತ್ರದ ಅಭಿಪ್ರಾಯ. ದೇಹ ಒಂದು, ಭಾವ ಇನ್ನೊಂದು ಆಗಬಹುದೆಂಬ ಮಾತನ್ನು ಇಂದಿನ ವೈದ್ಯರೂ ನ್ಯಾಯಾಧೀಶರೂ ಹೇಳಿದಾಗ ನಾವು ಬೆರಗಾಗುತ್ತೇವೆ. ಸಾವಿರ ವರ್ಷಗಳ ಹಿಂದೆ ನಮ್ಮ ನಾಡಿನ ಮುನಿಗಳು ಅದನ್ನು ತಣ್ಣಗೆ ವರ್ಗೀಕರಿಸಿ ಇಟ್ಟಿದ್ದರು.

ಹಾಗೆಂದು ಆ ಕಾಲವನ್ನು ಸುವರ್ಣಯುಗವೆಂದು ಹೊಗಳುವುದು ಬೇಡ. ಅದೇ ಗ್ರಂಥ ನಪುಂಸಕರ ಕಾಮವನ್ನು ಇಟ್ಟಿಗೆ ಗೂಡಿನ ಬೆಂಕಿಗೆ ಹೋಲಿಸುತ್ತದೆ. ಮಾಲೂರಿನ ಇಟ್ಟಿಗೆ ಗೂಡುಗಳನ್ನು ಕಂಡ ನಮ್ಮ ಜಿಲ್ಲೆಯವರಿಗೆ ಆ ಉಪಮೆಯ ತಾಪ ಬಿಡಿಸಿ ಹೇಳಬೇಕಾಗಿಲ್ಲ. ಶಾಸ್ತ್ರವು ಅವರ ಅಸ್ತಿತ್ವವನ್ನು ಒಪ್ಪಿತು, ಗೌರವವನ್ನು ಕೊಡಲಿಲ್ಲ. ಅಸ್ತಿತ್ವವನ್ನೇ ಅಲ್ಲಗಳೆಯುವುದಕ್ಕಿಂತ ಅದು ಒಂದು ಹೆಜ್ಜೆ ಮುಂದೆ, ಅಷ್ಟೆ.

ರಾಜಾಸ್ಥಾನಗಳಲ್ಲಿ ನಪುಂಸಕರು ಅಧಿಕಾರಕ್ಕೆ ಬಂದುದೂ ಉಂಟು. 1311ರಲ್ಲಿ ಹೊಯ್ಸಳರ ದೋರಸಮುದ್ರದ ಮೇಲೆ ದಂಡೆತ್ತಿ ಬಂದ ದೆಹಲಿಯ ಸೇನಾನಿ ಮಲಿಕ್ ಕಾಫೂರ್ ಅಂತಹವನೇ. ಆದರೆ ಗುಲಾಮರಾಗಿ ತಂದು ಅಂಗಚ್ಛೇದ ಮಾಡಿಸಿದವರ ಕಥೆಯನ್ನೂ, ತಮ್ಮ ಅಂತರಂಗದ ಪ್ರೇರಣೆಯಿಂದ ಬೇರೆಯಾಗಿ ಬಾಳಿದವರ ಕಥೆಯನ್ನೂ ಒಂದೇ ತಕ್ಕಡಿಯಲ್ಲಿ ತೂಗಬಾರದು.

ಜನಪದದ ಕಡೆಗೆ ಬಂದರೆ ಸಾಮಗ್ರಿ ಹೆಚ್ಚು. ಉತ್ತರ ಕರ್ನಾಟಕದಲ್ಲಿ ಸವದತ್ತಿಯ ಎಲ್ಲಮ್ಮ, ಕೊಪ್ಪಳ ಜಿಲ್ಲೆಯ ಹುಲಿಗಿಯ ಹುಲಿಗೆಮ್ಮ ಇವರ ಭಕ್ತರಲ್ಲಿ ಜೋಗಪ್ಪಗಳೆಂಬವರಿದ್ದಾರೆ. ಗಂಡಾಗಿ ಹುಟ್ಟಿದ ಮಗುವಿನಲ್ಲಿ ಹೆಣ್ಣಿನ ನಡೆನುಡಿ ಕಂಡರೆ ದೇವಿ ಆ ಜೀವವನ್ನು ಹಿಡಿದಳೆಂದು ಜನ ನಂಬುತ್ತಾರೆ. ಮುತ್ತು ಕಟ್ಟಿಸಿಕೊಂಡು, ಸೀರೆಯುಟ್ಟು, ಚೌಡಿಕೆ ನುಡಿಸುತ್ತ, ತಲೆಯ ಮೇಲೆ ಕೊಡ ಹೊತ್ತು ಕುಣಿಯುತ್ತ, ಮನೆ ಮನೆಗೆ ಹೋಗಿ ಜೋಗ ಬೇಡುವುದು ಅವರ ವೃತ್ತಿ. ಇಲ್ಲಿ ಸೂಕ್ಷ್ಮವಾದ ಒಂದು ಒಪ್ಪಂದವಿದೆ. ಮಗು ತಾನೇ ಹೀಗಿರುವೆನೆಂದರೆ ಮನೆಯವರು ಒಪ್ಪರು; ದೇವಿ ಹಾಗೆ ಬಯಸಿದಳೆಂದರೆ ತಲೆಬಾಗುತ್ತಾರೆ. ಸ್ಥಾನ ದೊರೆಯಿತು, ಆದರೆ ಅದು ದೇವಿಯ ಅಂಗಳದಲ್ಲಿ ಮಾತ್ರ. ಹೊಲದಲ್ಲಿ ಪಾಲಿಲ್ಲ, ಮನೆಯಲ್ಲಿ ಮದುವೆಯ ಪಂಕ್ತಿಯಿಲ್ಲ. 1982ರಲ್ಲಿ ಕರ್ನಾಟಕ ಸರ್ಕಾರ ಮಾಡಿದ ದೇವದಾಸಿ ಸಮರ್ಪಣ ನಿಷೇಧ ಕಾಯಿದೆ ಸ್ತ್ರೀಯರನ್ನು ಕುರಿತದ್ದು. ಜೋಗಪ್ಪಗಳ ಪ್ರಸ್ತಾಪ ಅದರಲ್ಲಿಲ್ಲ.

ನಮ್ಮ ಮೂಡಲ ಸೀಮೆಯಲ್ಲಿ ಜೋಗಪ್ಪಗಳ ಪದ್ಧತಿ ವಿರಳ. ಆದರೆ ಇಲ್ಲಿ ದ್ರೌಪದಮ್ಮನ ಕರಗವಿದೆ. ಕರಗ ಹೊರುವವರು ಗಂಡಸರೇ ಆದರೂ ಸೀರೆಯುಟ್ಟು, ಬಳೆ ತೊಟ್ಟು, ಮಲ್ಲಿಗೆ ಮುಡಿದು ದೇವಿಯ ಸ್ವರೂಪರಾಗಿ ಹೊರಡುತ್ತಾರೆ, ಜನ ಕೈಮುಗಿಯುತ್ತಾರೆ. ಬಯಲಾಟದ ಕೇಳಿಕೆಗಳಲ್ಲಿಯೂ ಸ್ತ್ರೀಪಾತ್ರ ವಹಿಸುವವರು ಬಹುಕಾಲ ಗಂಡಸರೇ ಆಗಿದ್ದರು. ದ್ರೌಪದಿಯ ಪಂಥಕ್ಕೇ ಸೇರಿದ ಇನ್ನೊಂದು ಉತ್ಸವ ತಮಿಳುನಾಡಿನ ಕೂವಾಗಂನಲ್ಲಿ ನಡೆಯುತ್ತದೆ. ಕುರುಕ್ಷೇತ್ರದಲ್ಲಿ ಬಲಿಯಾಗಬೇಕಾಗಿದ್ದ ಅರ್ಜುನನ ಮಗ ಅರವಾನನನ್ನು, ಮೋಹಿನಿಯಾಗಿ ಬಂದ ಕೃಷ್ಣ ಒಂದು ರಾತ್ರಿಯ ಮಟ್ಟಿಗೆ ಮದುವೆಯಾದನೆಂಬುದು ಅಲ್ಲಿಯ ಕಥೆ. ಚೈತ್ರದ ಹುಣ್ಣಿಮೆಯ ಸುಮಾರಿಗೆ ಅಲ್ಲಿ ನೆರೆಯುವ ಮಂಗಳಮುಖಿಯರು ಅರವಾನನಿಗೆ ತಾಳಿ ಕಟ್ಟಿಸಿಕೊಂಡು, ಮರುದಿನ ತಾಳಿ ಹರಿದು, ಬಳೆ ಒಡೆದು ಅಳುತ್ತಾರೆ. ಈ ಎಲ್ಲ ಉದಾಹರಣೆಗಳಿಂದ ಒಂದು ವಿಷಯ ಸ್ಪಷ್ಟವಾಗುತ್ತದೆ. ಒಂದು ರಾತ್ರಿಯ ಮಟ್ಟಿಗೆ, ದೇವರ ಹೆಸರಿನಲ್ಲಿ ಅಥವಾ ಆಟದ ಹೆಸರಿನಲ್ಲಿ, ಲಿಂಗದ ಗೆರೆ ದಾಟುವುದನ್ನು ನಮ್ಮ ಹಳ್ಳಿಗಳು ಸಂತೋಷದಿಂದ ನೋಡುತ್ತವೆ. ಬೆಳಗಾದ ಮೇಲೆ ಅದೇ ಸೀರೆಯಲ್ಲಿ ನೀರಿಗೆ ಹೋದರೆ ಸಹಿಸುವುದಿಲ್ಲ.

ಹೆಣ್ಣನ್ನು ಪ್ರೀತಿಸಿದ ಹೆಣ್ಣಿನ ವಿಚಾರದಲ್ಲಿ ದಾಖಲೆಗಳು ಇನ್ನೂ ಕಡಮೆ. ಕಾರಣ ಊಹೆಗೆ ನಿಲುಕದ್ದಲ್ಲ. ದಾಖಲೆಯಲ್ಲಿ ಬರುವವರು ಬೀದಿಯಲ್ಲಿ ಕಾಣಿಸಿಕೊಂಡವರು. ಹೆಣ್ಣಿಗೆ ಬೀದಿಯೇ ಇರಲಿಲ್ಲ. ಅವಳ ಮನಸ್ಸು ಏನೆಂದು ಕೇಳುವ ಮೊದಲೇ ಮದುವೆಯಾಗಿರುತ್ತಿತ್ತು.

ಬ್ರಿಟಿಷರ ಆಳ್ವಿಕೆಯಲ್ಲಿ ಪರಿಸ್ಥಿತಿ ಬೇರೊಂದು ತಿರುವು ಪಡೆಯಿತು. 1860ರಲ್ಲಿ ರಚಿತವಾಗಿ 1862ರ ಜನವರಿ 1ರಿಂದ ಜಾರಿಗೆ ಬಂದ ಭಾರತೀಯ ದಂಡ ಸಂಹಿತೆಯ 377ನೆಯ ಕಲಮು 'ಪ್ರಕೃತಿವಿರುದ್ಧ'ವಾದ ಸಂಬಂಧಕ್ಕೆ ಜೀವಾವಧಿಯವರೆಗೂ ಶಿಕ್ಷೆ ವಿಧಿಸಿತು. 1871ರ ಅಪರಾಧಿ ಬುಡಕಟ್ಟುಗಳ ಕಾಯಿದೆಯ ಎರಡನೆಯ ಭಾಗ ನಪುಂಸಕರನ್ನು ಕುರಿತದ್ದು. ಸಂಶಯಕ್ಕೆ ಒಳಗಾದವರ ಹೆಸರನ್ನು ಪಟ್ಟಿಯಲ್ಲಿ ಬರೆಯತಕ್ಕದ್ದು. ಪಟ್ಟಿಯಲ್ಲಿರುವವರು ಹೆಣ್ಣಿನ ಉಡುಪು ಉಟ್ಟು ಬೀದಿಯಲ್ಲಿ ಕಾಣಿಸಿಕೊಂಡರೆ ಅಥವಾ ಕುಣಿದರೆ ವಾರಂಟಿಲ್ಲದೆ ಹಿಡಿಯಬಹುದು, ಎರಡು ವರ್ಷದವರೆಗೆ ಸೆರೆಯಲ್ಲಿಡಬಹುದು. ಅವರು ದತ್ತು ತೆಗೆದುಕೊಳ್ಳುವಂತಿಲ್ಲ, ಉಯಿಲು ಬರೆಯುವಂತಿಲ್ಲ. ಮೊದಲು ಉತ್ತರ ಭಾರತದ ಪ್ರಾಂತಗಳಿಗೆ ಅನ್ವಯಿಸಿದ ಈ ಕಾಯಿದೆಯ ಮಾದರಿಯಲ್ಲೇ ಹೈದರಾಬಾದಿನ ನಿಜಾಮ ಸರ್ಕಾರವೂ 1919ರಲ್ಲಿ ಒಂದು ಕಾನೂನು ಮಾಡಿತು. ಬೀದರ, ಕಲಬುರಗಿ, ರಾಯಚೂರುಗಳು ಆಗ ನಿಜಾಮನ ಸೀಮೆಯಲ್ಲಿದ್ದವು. ತೆಲಂಗಾಣದಲ್ಲಿ ಉಳಿದುಕೊಂಡಿದ್ದ ಆ ಕಾನೂನನ್ನು ಅಲ್ಲಿನ ಉಚ್ಚ ನ್ಯಾಯಾಲಯ ಅಸಿಂಧುವೆಂದು ತೀರ್ಮಾನಿಸಿದ್ದು 2023ರಲ್ಲಿ.

ಇಂತಹ ಪ್ರೀತಿ, ಇಂತಹ ಬಾಳು ಪಾಶ್ಚಾತ್ಯರಿಂದ ಬಂದ ರೋಗವೆಂದು ಹೇಳುವವರುಂಟು. ಮೇಲಿನ ಸಂಗತಿಗಳನ್ನು ನೋಡಿದವರು ಈ ವಾದವನ್ನು ಒಪ್ಪಲಾರರು. ಗೊಮ್ಮಟಸಾರ ಇಂಗ್ಲೆಂಡಿನಿಂದ ಬಂದುದಲ್ಲ, ಜೋಗಪ್ಪಗಳ ಚೌಡಿಕೆ ಹಡಗಿನಲ್ಲಿ ಇಳಿದುದಲ್ಲ. ಪಶ್ಚಿಮದಿಂದ ಬಂದದ್ದು ಅವರನ್ನು ಅಪರಾಧಿಗಳೆಂದು ಬರೆದ ಕಾಯಿದೆ. ಅವರನ್ನು ಕೀಳೆಂದು ಕಾಣುವ ಬುದ್ಧಿ ಮಾತ್ರ ನಮ್ಮಲ್ಲಿಯೂ ಇತ್ತು; ಹೊಸ ಕಾಯಿದೆ ಅದಕ್ಕೆ ಪೋಲೀಸರ ಲಾಠಿಯನ್ನು ಕೊಟ್ಟಿತು.

ಅಪರಾಧಿ ಬುಡಕಟ್ಟುಗಳ ಕಾಯಿದೆ ಸ್ವಾತಂತ್ರ್ಯಾನಂತರ, 1952ರಲ್ಲಿ, ಕೊನೆಗೊಂಡಿತು. ಆದರೆ ಪಟ್ಟಿಯ ಆಸೆ ಕೊನೆಗೊಳ್ಳಲಿಲ್ಲ. 2011ರಲ್ಲಿ ಕರ್ನಾಟಕ ಪೋಲೀಸು ಕಾಯಿದೆಗೆ 36-ಎ ಎಂಬ ಕಲಮನ್ನು ಸೇರಿಸಿ, ನಪುಂಸಕರ ಹೆಸರು ವಿಳಾಸಗಳ ಪಟ್ಟಿ ಇಡಲು ಪೋಲೀಸರಿಗೆ ಅಧಿಕಾರ ಕೊಡಲಾಯಿತು. 1871ರ ಕಾಯಿದೆಯ ಭಾಷೆಯನ್ನೂ ಇದರ ಭಾಷೆಯನ್ನೂ ಪಕ್ಕಪಕ್ಕದಲ್ಲಿಟ್ಟು ಓದಿದರೆ ನಡುವೆ 140 ವರ್ಷಗಳು ಕಳೆದಿವೆಯೆಂದೂ, ಒಂದು ಸಂವಿಧಾನ ಬಂದಿದೆಯೆಂದೂ ತೋರುವುದಿಲ್ಲ. ಸಮುದಾಯದವರು ಇದನ್ನು ಉಚ್ಚ ನ್ಯಾಯಾಲಯದಲ್ಲಿ ಪ್ರಶ್ನಿಸಿದರು. ಕಡೆಗೆ ಸರ್ಕಾರವೇ ತಿದ್ದುಪಡಿ ತಂದು ಆ ಶಬ್ದವನ್ನು ಕೈಬಿಟ್ಟಿತು.

ಈ ಹೋರಾಟದ ಹಿಂದೆ ಒಂದು ದಶಕಕ್ಕೂ ಮಿಕ್ಕ ಕೆಲಸವಿತ್ತು. ಬೆಂಗಳೂರಿನಲ್ಲಿ 1999ರಲ್ಲಿ 'ಸಂಗಮ' ಸಂಸ್ಥೆ ಹುಟ್ಟಿತು. ನಾಗರಿಕ ಹಕ್ಕುಗಳ ಸಂಘಟನೆಯಾದ ಪಿ.ಯು.ಸಿ.ಎಲ್.ನ ಕರ್ನಾಟಕ ಶಾಖೆ 2001ರಲ್ಲಿಯೂ 2003ರಲ್ಲಿಯೂ ವರದಿಗಳನ್ನು ಪ್ರಕಟಿಸಿ, ಬೀದಿಯಲ್ಲಿ, ಠಾಣೆಯಲ್ಲಿ, ಮನೆಯಲ್ಲಿ ಇವರು ಪಡುವ ಹಿಂಸೆಯನ್ನು ಬಯಲಿಗೆ ತಂದಿತು. 2008ರಲ್ಲಿ ಬೆಂಗಳೂರಿನಲ್ಲಿ ಮೊದಲ ಬಾರಿಗೆ ಇವರ ಅಭಿಮಾನದ ಮೆರವಣಿಗೆ ನಡೆಯಿತು. 2011ರ ಜನಗಣತಿಯಲ್ಲಿ ಗಂಡು, ಹೆಣ್ಣು ಅಲ್ಲದೆ 'ಇತರ' ಎಂಬ ಕಲಮು ಮೊದಲ ಸಲ ಬಂದಾಗ ದೇಶದಲ್ಲಿ 4,87,803 ಮಂದಿಯೂ ಕರ್ನಾಟಕದಲ್ಲಿ 20,266 ಮಂದಿಯೂ ಅದರಲ್ಲಿ ಲೆಕ್ಕಕ್ಕೆ ಸೇರಿದರು. ಮನೆಯ ಯಜಮಾನ ಬಾಗಿಲಲ್ಲಿ ನಿಂತು ಗಣತಿದಾರರಿಗೆ ಹೇಳುವ ಲೆಕ್ಕವಾದುದರಿಂದ ನಿಜವಾದ ಸಂಖ್ಯೆ ಇದಕ್ಕಿಂತ ಹೆಚ್ಚೆಂದು ತಿಳಿಯಲಡ್ಡಿಯಿಲ್ಲ.

ಅನಂತರದ ಹತ್ತು ವರ್ಷಗಳಲ್ಲಿ ನ್ಯಾಯಾಲಯದ ತೀರ್ಪುಗಳು ಒಂದರ ಹಿಂದೆ ಒಂದು ಬಂದವು. 377ನೆಯ ಕಲಮನ್ನು ದೆಹಲಿ ಉಚ್ಚ ನ್ಯಾಯಾಲಯ 2009ರಲ್ಲಿ ಸಡಿಲಿಸಿತ್ತು. 2013ರಲ್ಲಿ ಸರ್ವೋಚ್ಚ ನ್ಯಾಯಾಲಯ ಆ ತೀರ್ಪನ್ನು ತಳ್ಳಿಹಾಕಿತು. 2014ರ ಏಪ್ರಿಲ್ 15ರಂದು ಅದೇ ಸರ್ವೋಚ್ಚ ನ್ಯಾಯಾಲಯ, ತನ್ನ ಲಿಂಗ ಯಾವುದೆಂದು ನಿರ್ಧರಿಸುವ ಹಕ್ಕು ಆಯಾ ವ್ಯಕ್ತಿಯದೇ ಎಂದು ಸಾರಿತು. 2018ರ ಸೆಪ್ಟೆಂಬರ್ 6ರಂದು ಐವರು ನ್ಯಾಯಾಧೀಶರ ಪೀಠ, ಪ್ರಾಪ್ತವಯಸ್ಕರು ಪರಸ್ಪರ ಸಮ್ಮತಿಯಿಂದ ನಡೆಸುವ ಸಂಬಂಧ ಅಪರಾಧವಲ್ಲವೆಂದು ತೀರ್ಮಾನಿಸಿತು. 2023ರ ಅಕ್ಟೋಬರ್ 17ರಂದು ಸಲಿಂಗ ವಿವಾಹದ ಹಕ್ಕನ್ನು ಮಾತ್ರ ಮಾನ್ಯ ಮಾಡಲಿಲ್ಲ. ನಮ್ಮ ರಾಜ್ಯ 2017ರಲ್ಲಿ ಲಿಂಗತ್ವ ಅಲ್ಪಸಂಖ್ಯಾತರ ಕುರಿತು ಒಂದು ನೀತಿಯನ್ನು ಒಪ್ಪಿತು. 2021ರ ಜುಲೈ ತಿಂಗಳಲ್ಲಿ ಸರ್ಕಾರಿ ನೇಮಕಾತಿಯಲ್ಲಿ ಅವರಿಗೆ ಶೇಕಡ 1ರ ಸಮತಲ ಮೀಸಲಾತಿಯನ್ನು ನಿಯಮದಲ್ಲಿ ಸೇರಿಸಿತು. ಹೀಗೆ ಮಾಡಿದ ಮೊದಲ ರಾಜ್ಯ ಕರ್ನಾಟಕವೆಂಬುದು ನಮಗೆ ಹೆಮ್ಮೆಯ ವಿಷಯ.

ಕಲೆ ಸಾಹಿತ್ಯಗಳಲ್ಲಿಯೂ ಅವರ ದನಿ ಕೇಳತೊಡಗಿದೆ. ಬಳ್ಳಾರಿ ಸೀಮೆಯ ಮಂಜಮ್ಮ ಜೋಗತಿಯವರು ಕಾಳವ್ವ ಜೋಗತಿಯವರಿಂದ ಜೋಗತಿ ನೃತ್ಯ ಕಲಿತು, 2019ರಲ್ಲಿ ಕರ್ನಾಟಕ ಜಾನಪದ ಅಕಾಡೆಮಿಯ ಅಧ್ಯಕ್ಷರಾದರು. 2021ರಲ್ಲಿ ಪದ್ಮಶ್ರೀ ಪಡೆದರು. ಪ್ರಶಸ್ತಿ ಸ್ವೀಕರಿಸುವಾಗ ಸೆರಗಿನಿಂದ ರಾಷ್ಟ್ರಪತಿಗಳಿಗೆ ದೃಷ್ಟಿ ತೆಗೆದು ಹರಸಿದ್ದನ್ನು ದೇಶವೇ ನೋಡಿತು. ಅಕ್ಕೈ ಪದ್ಮಶಾಲಿಯವರಿಗೆ 2015ರಲ್ಲಿ ರಾಜ್ಯೋತ್ಸವ ಪ್ರಶಸ್ತಿ ಬಂತು. ಎ. ರೇವತಿಯವರ ಆತ್ಮಕಥೆ 'ಬದುಕು ಬಯಲು' ಎಂಬ ಹೆಸರಿನಿಂದ ಕನ್ನಡಕ್ಕೆ ಬಂದು ರಂಗವನ್ನೂ ಏರಿತು. ವಸುಧೇಂದ್ರರ 'ಮೋಹನಸ್ವಾಮಿ' 2013ರಲ್ಲಿ ಸಲಿಂಗಪ್ರೇಮಿಯ ಅಂತರಂಗವನ್ನು ಕನ್ನಡ ಕಥೆಗೆ ತಂದಿತು. ಬಿ.ಎಸ್. ಲಿಂಗದೇವರು ನಿರ್ದೇಶಿಸಿದ 'ನಾನು ಅವನಲ್ಲ ಅವಳು' ಚಿತ್ರದ ಅಭಿನಯಕ್ಕಾಗಿ ಸಂಚಾರಿ ವಿಜಯ್ ಅವರಿಗೆ ರಾಷ್ಟ್ರಪ್ರಶಸ್ತಿ ದೊರೆಯಿತು.

ಇಷ್ಟನ್ನು ಓದಿದವರು, ಇನ್ನೇನು ಕೊರತೆ ಎಂದು ಕೇಳಬಹುದು. ಕೊರತೆ ಎಲ್ಲಿದೆಯೆಂಬುದು ನನ್ನಂತಹವರಿಗೆ, ಮನೆತನದಲ್ಲಿ ಮೊದಲು ಕಾಲೇಜಿನ ಮೆಟ್ಟಲು ಹತ್ತಿದವರಿಗೆ, ಬೇಗ ಕಾಣುತ್ತದೆ. ನೇಮಕಾತಿಯ ಮೀಸಲಾತಿ ಕಲಿತವರಿಗೆ. ಕಲಿಯುವ ಮುನ್ನವೇ ಶಾಲೆಯಿಂದ ಹೊರಬಿದ್ದವರ ಪಾಲಿಗೆ ಅದು ಮೇಲಿನ ಕೊಂಬೆಯ ಹಣ್ಣು. ನಮ್ಮ ಸೀಮೆಯ ಒಂದು ಪ್ರೌಢಶಾಲೆಯಲ್ಲಿ ನನಗಿಂತ ಒಂದು ತರಗತಿ ಮುಂದಿದ್ದವರೊಬ್ಬರು ಒಂಬತ್ತನೆಯ ತರಗತಿಯ ನಡುವೆಯೇ ಶಾಲೆ ಬಿಟ್ಟರು. ಲೆಕ್ಕದಲ್ಲಿ ಅವರು ಯಾರಿಗೂ ಕಡಮೆಯಿರಲಿಲ್ಲ. ಆದರೆ ಹಾಜರಿ ಕರೆಯುವಾಗ ಅವರು ಉತ್ತರ ಕೊಟ್ಟೊಡನೆ ಆ ದನಿಗೆ ಕೋಣೆಯೆಲ್ಲ ನಗುತ್ತಿತ್ತು. ಕ್ರಮೇಣ ಅವರು ಉತ್ತರ ಕೊಡುವುದನ್ನೇ ನಿಲ್ಲಿಸಿದರು. ಉತ್ತರ ಕೊಡದವರಿಗೆ ಗೈರುಹಾಜರಿ ಬಿತ್ತು. ಮನೆಯಲ್ಲಿ ಹರಕೆಯಾಯಿತು, ತಾಯತವಾಯಿತು, ಏಟೂ ಆಯಿತು. ಒಂದು ದಿನ ಬೆಂಗಳೂರಿನ ಬಸ್ಸು ಹತ್ತಿದರು. ಈಗ ಊರಿನಲ್ಲಿ ಯಾರೂ ಅವರ ಮಾತೆತ್ತುವುದಿಲ್ಲ. ಅವರ ತಾಯಿ ಮಾತ್ರ ಗಂಡನಿಗೆ ತಿಳಿಯದಂತೆ ತಿಂಗಳಿಗೊಮ್ಮೆ ನಮ್ಮ ಮನೆಗೆ ಬಂದು, ನನ್ನ ಕೈಯಲ್ಲಿ ಫೋನು ಮಾಡಿಸಿ ಮಾತನಾಡಿ ಹೋಗುತ್ತಾರೆ. ಮಗ ಎಂದೂ ಎನ್ನುವುದಿಲ್ಲ, ಮಗಳು ಎಂದೂ ಎನ್ನುವುದಿಲ್ಲ. 'ನಾ ಬಿಡ್ಡ' ಎನ್ನುತ್ತಾರೆ. ಕನ್ನಡದಲ್ಲಿ ಅದು 'ಮಗು'. ವ್ಯಾಕರಣದ ಪ್ರಕಾರ ಮಗು ಎಂಬುದು ನಪುಂಸಕಲಿಂಗವೇ. ಅದೇ ಲಿಂಗದ 'ಅದು' ಎಂಬ ಮಾತಿನಿಂದ ಬೀದಿ ಅವಮಾನಿಸಿದವರನ್ನು ತಾಯಿ ಇನ್ನೊಂದು ಮಾತಿನಿಂದ ಮಡಿಲಿಗೆ ತೆಗೆದುಕೊಂಡಿದ್ದಾರೆ. ದೋಷ ವ್ಯಾಕರಣದಲ್ಲಿಲ್ಲ, ಆಡುವ ನಾಲಗೆಯಲ್ಲಿದೆ.

ಬಳ್ಳಾರಿಯ ವಿಶ್ವವಿದ್ಯಾಲಯದಲ್ಲಿ ಲಿಂಗತ್ವ ಅಲ್ಪಸಂಖ್ಯಾತರೊಬ್ಬರು ಕನ್ನಡ ವಿಭಾಗದ ಅತಿಥಿ ಉಪನ್ಯಾಸಕರಾಗಿ ಪಾಠ ಹೇಳಿದ ಸುದ್ದಿಯನ್ನು ಕೆಲವು ವರ್ಷಗಳ ಹಿಂದೆ ಪತ್ರಿಕೆಗಳಲ್ಲಿ ಓದಿದೆವು. ಅವರಿಗೆ ಹಾಜರಿ ಕರೆದ ಯಾವನೋ ಒಬ್ಬ ಉಪಾಧ್ಯಾಯ, ನಗದೆ ಪಕ್ಕದಲ್ಲಿ ಕುಳಿತ ಯಾವನೋ ಒಬ್ಬ ಸಹಪಾಠಿ ಇದ್ದಿರಲೇಬೇಕು. ಕಾಯಿದೆ ಮಾಡುವುದು ಶಾಸನಸಭೆಯ ಕೆಲಸ, ಅರ್ಥ ಹೇಳುವುದು ನ್ಯಾಯಾಲಯದ ಕೆಲಸ. ತರಗತಿಯ ಕೋಣೆಯಲ್ಲಿ ನಗು ಏಳದಂತೆ ನೋಡಿಕೊಳ್ಳುವುದು ನಮ್ಮ ಕೆಲಸ. ಅದನ್ನು ಯಾವ ನ್ಯಾಯಾಲಯವೂ ಬಂದು ಮಾಡಿಕೊಡದು.

ಆದುದರಿಂದ ಪೂಜ್ಯ ಉಪನ್ಯಾಸಕರಲ್ಲಿಯೂ ಸಹಪಾಠಿ ಮಿತ್ರರಲ್ಲಿಯೂ ನನ್ನ ಬಿನ್ನಹ ಇಷ್ಟೆ. ನಮ್ಮ ಇತಿಹಾಸದ ಪಾಠದಲ್ಲಿ 1871ರ ಕಾಯಿದೆ ಬಂದಾಗ ಅದರ ಎರಡನೆಯ ಭಾಗವನ್ನೂ ಓದೋಣ. ಕನ್ನಡದ ಪಾಠದಲ್ಲಿ ಬೃಹನ್ನಳೆ ಬಂದಾಗ ಅರ್ಜುನನ ಆಚೆಗೂ ಒಂದು ಕ್ಷಣ ಯೋಚಿಸೋಣ. ಪ್ರವೇಶಪತ್ರದಲ್ಲಿ ಮೂರನೆಯ ಮನೆಯೊಂದಿದ್ದರೆ ಸಾಲದು; ಆ ಮನೆಯಲ್ಲಿ ಗುರುತು ಹಾಕಿದವರು ಧೈರ್ಯವಾಗಿ ಬಂದು ಕೂಡುವ ಬೆಂಚೊಂದು ನಮ್ಮ ಕಾಲೇಜಿನಲ್ಲಿ ಇರಲಿ. ಇಂದು ಒಂಬತ್ತನೆಯ ತರಗತಿಯಲ್ಲಿರುವವರು ಮೂರು ನಾಲ್ಕು ವರ್ಷಗಳಲ್ಲಿ ಈ ಬಾಗಿಲಿಗೆ ಬರುವವರೇ. ಅವರು ಬರುವ ತನಕ ನಮಗೆ ಸಿದ್ಧರಾಗಲು ಕಾಲಾವಕಾಶವಿದೆ.